ಬಡತನ ಸಾಬೀತು ಮಾಡಲು ಹೋದ ಚಾಮುಂಡಮ್ಮ

ಹುಣಸೂರಿನ ಕೋರ್ಟಿನ ಮುಂದೆ ಬೆಂಚಿನ ಮೇಲೆ ಕೂತಿದ್ದ ಚಾಮುಂಡಮ್ಮನ ಎದೆ ಹೊಡೆದುಕೊಳ್ಳುತ್ತಿದ್ದ ಸದ್ದು ಅಂದು ಪಿರಿಯಾಪಟ್ಟಣದ ಬಸ್‌ಸ್ಟ್ಯಾಂಡಿಗೂ ಕೇಳಿಸಿತು. ಅನುಮಾನವಿದ್ದವರು ಹೋಗಿ ವಿಚಾರಿಸಬಹುದು. ಅಪ್ಪನ ಜಮೀನಿನಲ್ಲಿ ಪಾಲು ಕೇಳಿ ಅಣ್ಣ ದೊಡ್ಡಬೀರಯ್ಯನ ಮೇಲೆ ಅವಳು ದಾವೆ ಹೂಡಬೇಕಿತ್ತು. ಕೋರ್ಟ್ ಶುಲ್ಕ ಕಟ್ಟಲು ಗತಿಯಿಲ್ಲ, ಮಾಫಿ ಮಾಡಿ ಎಂದು ಅರ್ಜಿ ಹಾಕಿದ್ದಳು. ತಾನು ಬಡವಿಯೆಂದು ಇವತ್ತು ಜಡ್ಜ್ ಮುಂದೆ ಸಾಬೀತು ಮಾಡಬೇಕು. ಆಗದಿದ್ದರೆ ದಾವೆ ಹೊಸ್ತಿಲಲ್ಲೇ ಸತ್ತಂತೆ.

ಅವಳದೇನು ಸಾಮಾನ್ಯ ಬಡತನವಲ್ಲ. ಕಟ್ಟೆಮಳಲವಾಡಿಯ ಅವಳ ಮನೆಗೆ ನುಗ್ಗಿದ ಇಲಿಯೊಂದು ಮೂಲೆ ಮೂಲೆ ತಡಕಿ, ಕೊನೆಗೆ ಮರುಗಿ ತನ್ನ ಬಿಲದಿಂದಲೇ ನಾಲ್ಕು ಕಾಳು ತಂದಿಟ್ಟು ಹೋಗಿತ್ತು.

ಫೈಲು ಹಿಡಿದು ಬಂದ ಅವಳ ವಕೀಲ ರೇಣುಕಾಪ್ರಸಾದ್ ನಿಂತಲ್ಲೇ ಬಿಳಿಚಿಕೊಂಡ.

"ಏನಮ್ಮ ಅದು ಕತ್ತಲ್ಲಿ?"

ಚಾಮುಂಡಮ್ಮ ಮುಟ್ಟಿ ನೋಡಿಕೊಂಡಳು. ಅವಲಕ್ಕಿ ಸರ. ಅಪ್ಪಟ ಚಿನ್ನದ್ದು.

ಹೆಂಗಸೊಬ್ಬಳು ಹತ್ತು ಜನರೆದುರು ಬರಿಗತ್ತಿನಲ್ಲಿ ನಿಂತರೆ ಅವರ ಬೀದಿಗೇ ಅವಮಾನ. ಹಾಗಾಗಿ ಅಲ್ಲಿ ಒಬ್ಬರ ಒಡವೆ ಇನ್ನೊಬ್ಬರ ಕತ್ತಿಗೆ ಹೋಗುತ್ತಲೇ ಇರುತ್ತದೆ. ಬೆಳಿಗ್ಗೆ ಪಕ್ಕದ ಮನೆಯ ಪವಿತ್ರಾ ಓಡಿಬಂದು, "ಬರಿಗತ್ತಲ್ಲಿ ಓಗ್ಬೇಡ ಕಣಕ್ಕ, ಜಡ್ಜು ಏನಂದ್ಕತ್ತಾರೆ" ಎಂದು ತೊಡಿಸಿ ಕಳಿಸಿದ್ದಳು. ಇವಳೂ ತೊಟ್ಟು ಬಸ್ಸು ಹತ್ತಿದ್ದಳು.

"ಬಡವಿ ಅಂತ ಹೇಳೋಕೆ ಚಿನ್ನ ಹಾಕ್ಕೊಂಡು ಬಂದಿದ್ದೀರಲ್ಲಮ್ಮ. ಬಿಚ್ಚಿ ಬೇಗ."

ಎಷ್ಟು ಎಳೆದರೂ ಕೊಂಡಿ ಬಿಡಲೇ ಇಲ್ಲ. ಅಷ್ಟರಲ್ಲಿ ಜವಾನ ಅವಳ ಹೆಸರು ಕೂಗಿದ. ಆ ಕೂಗಿಗೆ ವೀರನಹೊಸಹಳ್ಳಿಯ ಆನೆಗಳು ಕಾಡಿನೊಳಕ್ಕೆ ಹಿಂದೆ ಸರಿದವು.

ಸೆರಗನ್ನು ಗಲ್ಲದವರೆಗೂ ಎಳೆದುಕೊಂಡು ಕಟಕಟೆ ಹತ್ತಿದಳು.

"ಒಡವೆ ವಸ್ತ್ರ ಏನಾದ್ರೂ ಇದೆಯೇನಮ್ಮ?" ಸರ್ಕಾರಿ ವಕೀಲರು ಕೇಳಿದರು.

"ಇಲ್ಲ ಸ್ವಾಮಿ."

"ಸೆರಗು ಕೊಂಚ ಸರಿಸಿ."

ಸರ ಹೊಳೆಯಿತು. ಅವಳು ಅದನ್ನು ಮುಷ್ಟಿಯಲ್ಲಿ ಮುಚ್ಚಿಕೊಂಡಳು. ಸುಳ್ಳುಗಾತಿ ಎಂದು ಜೈಲಿಗೆ ಹಾಕುತ್ತಾರೆ. ಸರವನ್ನೂ ಕಿತ್ತಿಟ್ಟುಕೊಳ್ಳುತ್ತಾರೆ. ಪವಿತ್ರಾಗೆ ಏನು ಹೇಳುವುದು?

"ನಂದಲ್ಲ ಸ್ವಾಮಿ. ಪಕ್ಕದ ಮನೆ ಪವಿತ್ರಂದು."

ಅರ್ಜಿಗೆ ಅಡ್ಡ ಹಾಕಲು ಬಂದು ಕೂತಿದ್ದ ಅಣ್ಣ ದೊಡ್ಡಬೀರಯ್ಯ ಎದ್ದು ನಿಂತ. "ಸುಳ್ಳು ಸ್ವಾಮಿ. ನಮ್ಮಪ್ಪ ಇವಳ ಮದ್ವೇಲಿ ಆಕಿದ್ದು. ಕಣ್ಣಾರೆ ಕಂಡಿವ್ನಿ."

ಜಡ್ಜ್ ಮಧ್ಯಾಹ್ನ ಪವಿತ್ರಾಳನ್ನು ಕರೆತರಲು ಹೇಳಿದರು. ವಕೀಲ ಫೋನು ಮಾಡಿದ. ಅಲ್ಲಿಯವರೆಗೆ ಚಾಮುಂಡಮ್ಮ ರಸ್ತೆಯಲ್ಲಿ ಯಾವ ಗಾಡಿ ಹೋದರೂ ಪೊಲೀಸ್ ಜೀಪೇ ಎಂದು ಕಂಬದ ಹಿಂದೆ ಸರಿಯುತ್ತಿದ್ದಳು.

ಪವಿತ್ರಾ ಬಂದು ಕಟಕಟೆಯಲ್ಲಿ ನಿಂತಳು. ಸರ ನೋಡಿ ತಲೆಯಾಡಿಸಿದಳು.

"ನಾನೇ ಕೊಟ್ಟಿದ್ದು ಸ್ವಾಮಿ. ಆದ್ರೆ ನಂದೂ ಅಲ್ಲ. ನಮ್ಮ ತಂಗಿ ಮದ್ವೆಗೆ ಅಂತ ಇಸ್ಕಂಡಿದ್ದೆ."

ಚಾಮುಂಡಮ್ಮ ಗೋಡೆ ಹಿಡಿದುಕೊಂಡಳು.

"ಯಾರಿಂದ?" ಎಂದರು ಜಡ್ಜ್.

"ಜಯಲಕ್ಷ್ಮಕ್ಕನ ತಾವ. ಅದೇ, ಈ ದೊಡ್ಡಬೀರಯ್ಯನೋರ ಎಂಡ್ರು."

ಇಡೀ ಕೋರ್ಟು ಅವನತ್ತ ತಿರುಗಿತು. ದಿನಾ ತನಗೆ ಅನ್ನ ಬಡಿಸುವಾಗ ಕಣ್ಣೆದುರು ತೂಗುತ್ತಿದ್ದ ಸರವನ್ನು ಆ ಮನುಷ್ಯ ಒಮ್ಮೆಯೂ ನೋಡಿರಲಿಲ್ಲ.

"ಈ ಸರ ನಿಮ್ಮ ತಂಗಿಯದೇ ಅಂತ ನೀವು ಹೇಳಿದ್ದನ್ನ ಹಾಗೇ ಬರೆದುಕೊಳ್ಳಲಾ?" ಜಡ್ಜ್ ಅವನನ್ನು ಕೇಳಿದರು.

ದೊಡ್ಡಬೀರಯ್ಯನಿಗೆ ಕೋರ್ಟಿನ ಭಯವಿರಲಿಲ್ಲ. ಚಿರತೆ ಎದುರಾದರೆ ದಾರಿ ಬಿಡು ಎನ್ನುವ ಗಂಡಸು. ಆದರೆ ಹೆಂಡತಿಯ ಚಿನ್ನವನ್ನು ತುಂಬಿದ ಕೋರ್ಟಿನಲ್ಲಿ ತಂಗಿಯ ಹೆಸರಿಗೆ ಬರೆಸಿ ಮನೆಗೆ ಹೋಗುವ ಧೈರ್ಯ ಎಚ್.ಡಿ.ಕೋಟೆಯಿಂದ ಕೆ.ಆರ್.ನಗರದವರೆಗೆ ಯಾವ ಗಂಡಸಿಗೂ ಇಲ್ಲ.

"ಬ್ಯಾಡಿ ಸ್ವಾಮಿ. ನಮ್ಮನೆಯೋಳ್ದೇ ಅದು. ಇವಳದಲ್ಲ."

"ಹಾಗಾದರೆ ಇವರ ಹತ್ತಿರ ಬೇರೆ ಒಡವೆ ಇದೆಯೇ?"

"ಏನೂ ಇಲ್ಲ ಸ್ವಾಮಿ," ಅಣ್ಣನೇ ಹೇಳಿದ.

ಅರ್ಜಿ ಮಂಜೂರಾಯಿತು. ಶುಲ್ಕವಿಲ್ಲದೆ ದಾವೆ ದಾಖಲಿಸಲು ಜಡ್ಜ್ ಬರೆಸಿದರು.

ಹೊರಗೆ ಬಂದ ಚಾಮುಂಡಮ್ಮ ವಕೀಲನಿಗೆ ಕೈ ಮುಗಿದಳು. "ಅಂತೂ ಮುಗೀತಲ್ಲ ಸ್ವಾಮಿ. ಇನ್ಮೇಲೆ ಈ ಕಟ್ಟೆ ಅತ್ತಕ್ಕಿಲ್ಲ ಬುಡಿ."

"ಮುಗಿಯೋದೆಲ್ಲಿ ಬಂತಮ್ಮ? ಜಮೀನಿನ ಕೇಸು ಈಗ ಶುರು. ಮುಂದಿನ ತಿಂಗಳು ಮತ್ತೆ ಬರಬೇಕು."

ಅವಳು ಮೆಟ್ಟಿಲ ಮೇಲೆ ಹಾಗೇ ಕುಸಿದು ಕೂತಳು.