ಹಿಡಿಕೆ ತಿರುಗಿದ ವೇಗ

ಬಿಳಿ ಮಚ್ಚೆಯೋ ಮುಖವೋ, ಸಾಲಿನ ಕೊನೆಯವನದು, ಮಾನಿಟರಿನ ಮೂಲೆಯಲ್ಲಿ ಬಂದು ಹೋಯಿತು, ಹಿಂದಕ್ಕೆ ಎಳೆಯುತ್ತೇನೆ, ಹೌದು ಮುಖ, ಟೋಪಿಯ ಕೆಳಗೆ ಇಪ್ಪತ್ತರ ಆಸುಪಾಸಿನ ಮುಖ, ವಿಕ್ಟೋರಿಯಾ ರಾಣಿಯ ಸೈನಿಕರು ಆಫ್ರಿಕದ ಯುದ್ಧಕ್ಕೆ ಹಡಗು ಹತ್ತುತ್ತಿದ್ದಾರೆ, ಯಾರೋ ಕ್ಯಾಮೆರಾದ ಹಿಡಿಕೆಯನ್ನು ಕೈಯಿಂದ ತಿರುಗಿಸುತ್ತ ಅದನ್ನೆಲ್ಲ ಹಿಡಿದಿದ್ದಾನೆ, ಆ ರೀಲು ಹೇಗೋ ಬರ್ಲಿನ್‌ನ ಈ ಚಿತ್ರಸಂಗ್ರಹಾಲಯದ ನೆಲಮಾಳಿಗೆ ಸೇರಿ, ಸ್ಕ್ಯಾನ್ ಆಗಿ, ಈಗ ನನ್ನ ಮುಂದೆ — ಎಷ್ಟು ವೇಗದಲ್ಲಿ ಓಡಿಸಬೇಕು ಎಂಬುದನ್ನು ಮಾತ್ರ ಅವನು ಎಲ್ಲೂ ಹೇಳಿ ಹೋಗಿಲ್ಲ, ಇಂದಿನ ವೇಗದಲ್ಲಿ ಬಿಟ್ಟರೆ ಗೊಂಬೆಗಳ ಹಾಗೆ ಕುಪ್ಪಳಿಸುತ್ತಾರೆ, ನಾಳೆ ಪ್ರದರ್ಶನದಲ್ಲಿ ಜನ ನಗುತ್ತಾರೆ, ನಗಲಿ ಬಿಡ್ರಿ ವೇದಾ ಅವ್ರ, ಅಂದರು ಪಕ್ಕದ ಮೇಜಿನ ಉದಯಕುಮಾರ, ಹುಬ್ಬಳ್ಳಿಯವರು, ನೀವು ಹಿಂಗ ಹಿಂದ ಮುಂದ ಎಳಿಯೂದು ನೋಡಿದ್ರ ಅವರು ಹಡಗ ಹತ್ತೂದ್ರಾಗ ಯುದ್ಧನ ಮುಗಿದಿರ್ತೈತ್ರಿ. ಮುಗಿದರೆ ಒಳ್ಳೆಯದಲ್ಲವೇ, ಅಂದುಕೊಂಡು ಮತ್ತೆ ಹಿಂದಕ್ಕೆ ಎಳೆದೆ.

ಫೋನನ್ನು ಕವುಚಿ ಇಟ್ಟಿದ್ದೇನೆ, ಮತ್ತೆ ಎತ್ತಿ ನೋಡಿದೆ, ಪೃಥ್ವಿಯ ಹೆಸರಿನ ಎದುರು ಏನೂ ಇಲ್ಲ, ನನ್ನ ತಮ್ಮ, ಸೇನೆಯಲ್ಲಿ, ಲಡಾಖಿನ ಮೇಲೆಲ್ಲೋ, ಹೆಸರು ಹೇಳಬಾರದ ಜಾಗ, ಸಿಗ್ನಲ್ ಇರಲ್ಲ ಅಕ್ಕಾ, ಫೋನ್ ಬರ್ಲಿಲ್ಲ ಅಂದ್ರೆ ಚೆನ್ನಾಗಿದೀನಿ ಅಂತ ತಿಳ್ಕೊ, ಅಂದಿದ್ದ, ಹಾಗಾದರೆ ಫೋನ್ ಬಂದರೆ ಏನೆಂದು ತಿಳಿಯಲೋ, ನೆಲದಡಿಯ ಊ-ಬಾನ್ ರೈಲಿನಲ್ಲಿ ಯಾರದೋ ಫೋನ್ ರಿಂಗಾದರೂ ನನ್ನ ಚೀಲ ತಡಕುತ್ತೇನೆ, ಬರಲಿ ಎಂದು ಕಾಯುತ್ತೇನೆ, ಬಾರದಿರಲಿ ಎಂದೂ — ಇಲ್ಲಿ, ಮಾನಿಟರಿನಲ್ಲಿ, ಬೆಳಕು ಹೆಚ್ಚಾಯಿತು, ಕೊನೆಯವನು ತಿರುಗುವಲ್ಲಿ, ಮೋಡ ಸರಿದದ್ದಲ್ಲ, ನೆರಳುಗಳು ಹಾಗೇ ಇವೆ, ಹಿಡಿಕೆಯ ಕೈ ನಿಧಾನವಾಗಿದೆ, ಕೈ ನಿಧಾನವಾದಷ್ಟೂ ಫಿಲ್ಮಿನ ಮೇಲೆ ಬೆಳಕು ಹೆಚ್ಚು ಬೀಳುತ್ತದೆ, ಹಾಗಾದರೆ ಹಿಡಿಕೆ ತಿರುಗಿಸುತ್ತಿದ್ದವನೂ ನೋಡುತ್ತಿದ್ದ, ಕೆಲಸ ಮರೆತು, ಈ ಒಬ್ಬನನ್ನು. ಆ ಕೈಯನ್ನೇ ಅನುಸರಿಸಿ ವೇಗ ಇಳಿಸಿದೆ, ಕುಪ್ಪಳಿಕೆ ಹೋಯಿತು, ಹೆಜ್ಜೆಗೆ ಭಾರ ಬಂತು, ಮನುಷ್ಯರಾದರು, ಉದಯಕುಮಾರ ಕುರ್ಚಿ ಎಳೆದುಕೊಂಡು ಬಂದು ನೋಡಿದರು, ಈಗ ಯಾರೂ ನಗೂದಿಲ್ಲ ಬಿಡ್ರಿ, ಅಂದು ಪರದೆಯ ಅಂಚಿಗೆ ಬೆರಳಿಟ್ಟರು, ಕೊನೀದಷ್ಟು ಕತ್ತರಿಸಿ ಒಗೀರಿ, ಕೊಳತೈತಿ. ಹಳೆಯ ಫಿಲ್ಮು ಕೊಳೆತಿದೆ ನಿಜ, ಅಂಚಿನಿಂದ ಕಲೆ ಹರಿದು ಬಂದು ಭುಜ ತಿನ್ನುತ್ತದೆ, ಆದರೆ ಅವನು ತಿರುಗುವುದು ಅಲ್ಲೇ, ಕತ್ತರಿಸಲಾರೆ, ಇನ್ನೂ ನಿಧಾನ, ಇನ್ನೂ, ಒಂದೊಂದೇ ಚಿತ್ರ, ಕಲೆ ಕತ್ತಿನವರೆಗೆ, ಗದ್ದದವರೆಗೆ, ತುಟಿ ತೆರೆದಿದ್ದಾನೆ, ಯಾರಿಗೋ ಏನೋ ಹೇಳಲು, ಮುಂದಿನದರಲ್ಲಿ ಕಲೆ ಬಾಯಿಯನ್ನೂ ತಿನ್ನುತ್ತದೆ, ಬೇಡ, ಇಲ್ಲೇ ನಿಲ್ಲಿಸಿದೆ, ತುಟಿ ತೆರೆದ ಆ ಮುಖ —