ಜೈನುದ್ದೀನನ ಜಪಾನಿ ಚಪ್ಪಾಳೆ

ಟ್ರ್ಯಾಕ್ಟರಿಗೆ ಕೂರಿಸಿದ ಸೌಂಡ್ ಬಾಕ್ಸು ಸರಿಯಾಗಿ ನುಡಿಯುತ್ತದೋ ಇಲ್ಲವೋ ಎಂದು ಇಂಡಿ ಪಟ್ಟಣದ ಜೈನುದ್ದೀನ ಬರೀ ಕಿವಿಯಿಂದ ಪರೀಕ್ಷಿಸುವವನಲ್ಲ; ಜ್ವರ ಬಂದ ಮಗುವಿನ ಹಣೆ ಮುಟ್ಟುವಂತೆ ಬಾಕ್ಸಿನ ಮೇಲೆ ಅಂಗೈಯಿಟ್ಟು, ಕಣ್ಣು ಮುಚ್ಚಿ, ಯಾರೂ ಹೆಸರು ಕೇಳಿರದ ಒಂದು ಜಪಾನಿ ಬ್ಯಾಂಡಿನ ಹಾಡು ಹಚ್ಚಿ ನಿಂತುಬಿಡುತ್ತಾನೆ. ಕಬ್ಬು ಹೇರುವ ಟ್ರ್ಯಾಕ್ಟರುಗಳೆಲ್ಲ ಎದೆ ನಡುಗಿಸುವ ಡಿಜೆ ಹಾಡಿಗೇ ಹುಟ್ಟಿದವು ಎಂದು ನಂಬಿದ ಊರಿನಲ್ಲಿ, ಅವನ ರಿಪೇರಿ ಅಂಗಡಿಯ ಮುಂದೆ ಮಾತ್ರ ಆ ಬ್ಯಾಂಡಿನ ಮೂವರು ಹೆಣ್ಣುಮಕ್ಕಳು ಬಾಕ್ಸಿನೊಳಗಿಂದ, ಸಂತೆ ಮುಗಿಸಿ ಮನೆಗೆ ಹೊರಟವರು ಮಾತಾಡಿಕೊಂಡಷ್ಟೇ ಮೆಲ್ಲಗೆ ಹಾಡುತ್ತಿರುತ್ತಾರೆ.

"ಏ ಜೈನೂ, ನನ್ನ ಟ್ಯಾಕ್ಟರ್ ಏನ್ ಜಪಾನಿಗೆ ಕಬ್ಬ ಒಯ್ತೈತೇನಲೇ?" ಎಂದು ಗಿರಾಕಿ ಸಿದ್ದಲಿಂಗ ಛೇಡಿಸುತ್ತಾನೆ.

"ಈ ಸಣ್ಣ ದನಿ ಒಡೀದಂಗ ಬಂತಂದ್ರ, ನಿಮ್ಮ ಡಿಜೆ ತಾನ ಬರ್ತೈತ್ರಿ ಅಣ್ಣಾರ."

ಬ್ಯಾಂಡಿನ ಹೆಸರು ಯೂಗುರೆ ಬೆಂಟೋ. ಸಂಜೆಯ ಬುತ್ತಿ ಎಂದರ್ಥವಂತೆ. ರೈಲಿನಲ್ಲಿ ಮರೆತ ಕೊಡೆ, ಆರಿಹೋದ ಅನ್ನ, ಇಂಥವನ್ನೇ ಹಾಡುವ ಆ ಮೂವರನ್ನು ಕೇಳುವವರು ಒಂದು ಸಣ್ಣ ಮದುವೆಯ ಊಟಕ್ಕೂ ಸಾಲುವುದಿಲ್ಲ. ಈ ಚಳಿಗಾಲ ಅವರು ಬ್ಯಾಂಡು ಮುಚ್ಚುವುದಾಗಿ ಸಾರಿ, ಕೊನೆಯ ಹಾಡಿನಲ್ಲಿ ಸೇರಿಸಲು ಅಭಿಮಾನಿಗಳ ಚಪ್ಪಾಳೆ ಕಳಿಸಿಕೊಡಿ ಎಂದರು. ಆ ಹಾಡಿನೊಳಗೆ ತನ್ನದೂ ಇರಬೇಕು ಎಂಬ ಒಂದೇ ಆಸೆ ಜೈನುದ್ದೀನನಿಗೆ. ಕಬ್ಬಿನ ಸುಗ್ಗಿಯ ಗದ್ದಲದಲ್ಲಿ ಗಡುವಿನ ಸಂಜೆಯೇ ಬಂದುಬಿಟ್ಟಿತು. ತನ್ನೊಬ್ಬನ ಚಪ್ಪಾಳೆ ತೀರ ಬಡವಾಯಿತೆಂದು ಹಿಂದಿನ ಓಣಿಯ ಚನ್ನವ್ವನ ಭಜನಾ ಮೇಳವನ್ನು ಕರೆತಂದ.

ಹೆಂಗಸರು ನಡುವೆ ಫೋನಿಟ್ಟುಕೊಂಡು ಕೂತರು. ಚಪ್ಪಾಳೆಯೇನೋ ಚೆನ್ನಾಗಿಯೇ ಬಿತ್ತು. ಆದರೆ ಭಜನೆಯ ಪದವಿಲ್ಲದ ಚಪ್ಪಾಳೆ ಅವರಿಗೆ ಗೊತ್ತೇ ಇರಲಿಲ್ಲ. ಒಂದು ಪದ ಬಂತು, ಅದರ ಬೆನ್ನಿಗೆ ಇನ್ನೊಂದು.

"ಸಾಕ್ರಿ ಆಯಿ, ಕಳಸಾಕ ಹೊತ್ತಾತು."

"ಮಂಗಳ ಹಾಡದ ಹ್ಯಾಂಗ ಏಳೂದೋ? ನಿನ್ನ ಜಪಾನದವ್ರು ಮಂಗಳ ಹಾಡೂದಿಲ್ಲೇನು?"

ಬಗ್ಗಿ ಫೋನು ಎತ್ತಿಕೊಂಡಿದ್ದರೆ ಮುಗಿಯುತ್ತಿತ್ತು. ಹಾಡುವವರ ನಡುವೆ ಚಾಚಲು ಅವನ ಕೈ ಏಳಲಿಲ್ಲ. ಮಂಗಳ ಮುಗಿದು ಸಕ್ಕರೆ ಹಂಚುವ ಹೊತ್ತಿಗೆ ಗಡುವು ದಾಟಿತ್ತು. ತಡವಾಗಿ ಕಳಿಸಿದ ಚಪ್ಪಾಳೆಯನ್ನು ಬ್ಯಾಂಡಿನವರ ಪುಟ ತೆಗೆದುಕೊಳ್ಳಲಿಲ್ಲ.

"ಮುಟ್ಟಿತೇನೋ?" ಎಂದಳು ಚನ್ನವ್ವ.

"ಮುಟ್ಟೇತ್ರಿ ಆಯಿ."

ಹಾಡು ಬಂದ ದಿನ ಮೇಳವೆಲ್ಲ ಅಂಗಡಿಗೆ ನೆರೆಯಿತು. ರಿಪೇರಿಗೆ ನಿಂತಿದ್ದ ಟ್ರ್ಯಾಕ್ಟರಿನ ಬಾಕ್ಸುಗಳಿಗೇ ಅವನು ಅದನ್ನು ಹಚ್ಚಿದ. ಯಾವ್ಯಾವುದೋ ದೇಶದ ಕೈಗಳು ಇಂಡಿ ಪಟ್ಟಣದ ರಸ್ತೆಯ ಮೇಲೆ ಒಟ್ಟಿಗೆ ಚಪ್ಪಾಳೆ ತಟ್ಟಿದವು.

"ಹಾಂ! ಗಟ್ಟಿಯಾಗಿ ಬೀಳಾಕತ್ತೈತಲ್ಲ, ಅದ ನಂದ!" ಎಂದು ಚನ್ನವ್ವ ಪಕ್ಕದವಳನ್ನು ತಿವಿದಳು. "ನಿಂದೇನ ಕೇಳಸ್ವಲ್ದು ಬಿಡ."

"ಹೌದ್ರಿ ಆಯಿ, ನಿಮ್ದ," ಎಂದು ಜೈನುದ್ದೀನ ಬಾಕ್ಸಿನ ದನಿಯನ್ನು ಇನ್ನೂ ತುಸು ಏರಿಸಿದ.

ತಮ್ಮ ಹೆಸರು ಎಂದೂ ಅರಿಯದವರನ್ನು ದೂರದಿಂದ ಮೆಚ್ಚುತ್ತಲೇ ಬಾಳುವ ಇಂಥ ಅಭಿಮಾನಿಗಳು ಎಲ್ಲ ಊರುಗಳಲ್ಲೂ ಇರುತ್ತಾರೆ. ಕಾಣಿಸಿಕೊಳ್ಳುವ ಹಂಬಲ ಅವರಿಗೂ ಉಂಟು, ಅದು ಕೈತಪ್ಪಿದಾಗ ನೋವೂ ಉಂಟು. ಆದರೂ ತಮಗೆ ದಕ್ಕದ ಜಾಗದಲ್ಲಿ ಇನ್ನೊಬ್ಬರು ಹಿಗ್ಗಿ ಕೂತರೆ, ಅವರನ್ನು ಎಬ್ಬಿಸುವುದಕ್ಕೆ ಮಾತ್ರ ಅವರಿಗೆ ಎಂದೂ ಮನಸ್ಸಾಗುವುದಿಲ್ಲ.