ದೇವಿ ಆಡಿದ ಮಾತು

ಅಪ್ಪನ ಹೆಣದ ಗದ್ದಕ್ಕೆ ಬಟ್ಟೆ ಕಟ್ಟುತ್ತಿದ್ದ ಮಗನನ್ನು ಪಕ್ಕಕ್ಕೆ ಸರಿಸಿ ಮುದುಕಿಯೊಬ್ಬಳು ನುಗ್ಗಿದಳು. ಸತ್ತವನ ಕಾಲು ಹಿಡಿದು, ಬೀದಿಗೆಲ್ಲ ಕೇಳುವ ಹಾಗೆ, "ದೇವೀ, ಹೊರಟೇಬಿಟ್ಯಾ?" ಎಂದಳು.

ಗಂಡಸಿನ ಹೆಣಕ್ಕೆ ದೇವಿ ಎನ್ನುವುದೇ! ಬಾಗಿಲ ಬಳಿ ಯಾರೋ ಕಿಸಕ್ಕೆಂದರು. ಮಗ ನಾಚಿಕೆಯಿಂದ ಹಿಡಿಯಷ್ಟಾದ.

"ಯಾರಪ್ಪ ಈಕೆ?" ಹೆಣ್ಣು ಕೊಟ್ಟ ಮಾವ ಕೇಳಿದರು. ಅವರ ಪಾಲಿಗೆ ತೀರಿಕೊಂಡ ಬೀಗರು ಹುಟ್ಟಾ ದರ್ಜಿ. ಹಾಗೆಂದು ನಂಬಿಸಿದ್ದವನು ಅಳಿಯನೇ.

"ಯಾರೋ ಕಿವುಡಿ, ಮಾವ. ತಲೆ ಕೆಟ್ಟಿರ್ಬೇಕು," ಎಂದು ಪಿಸುಗುಟ್ಟಿದ. ಯಾರೆಂದು ಅವನಿಗೆ ಚೆನ್ನಾಗಿಯೇ ಗೊತ್ತಿತ್ತು. ಸಿನಿಮಾ ತೆಗೆಯುತ್ತಿದ್ದ ತಗಡಿನ ಶೆಡ್ಡಿನಲ್ಲಿ ಅಪ್ಪನಿಗೆ ಸೀರೆ ಉಡಿಸುತ್ತಿದ್ದವಳು ಅವಳೇ.

*

ಆಗ ಚಿತ್ರಗಳಿಗೆ ಮಾತು ಬಂದಿರಲಿಲ್ಲ, ನಟಿಸಲು ಹೆಂಗಸರೂ ಬರುತ್ತಿರಲಿಲ್ಲ. ಪುಟ್ಟ ಪುಟ್ಟ ಭಕ್ತಿಚಿತ್ರಗಳಲ್ಲಿ ಅಪ್ಪ ಮೀಸೆ ಬೋಳಿಸಿಕೊಂಡು ದೇವಿಯಾಗುತ್ತಿದ್ದ. ಕೊನೆಗೆ ಕೈಯೆತ್ತಿ, ತುಟಿ ಅಲುಗಿಸಿ ವರ ಕೊಡುತ್ತಿದ್ದ. ಡೇರೆಯಲ್ಲಿ ಕೂತು ನೋಡುತ್ತಿದ್ದ ಜನ ಚಪ್ಪಲಿ ಬಿಟ್ಟು ಕೈಮುಗಿಯುತ್ತಿದ್ದರು. ಶಾಲೆಯ ಹುಡುಗರು ಮಾತ್ರ, "ಅವರು ನಿಂಗೆ ಅಪ್ಪನೋ ಅಮ್ಮನೋ?" ಎಂದು ಜೀವ ತಿನ್ನುತ್ತಿದ್ದರು.

ಒಂದು ದಿನ ಅಪ್ಪ ಶಾಲೆಯ ಬಾಗಿಲಿಗೆ ಬಂದ. "ಯಾರೋ ಏನೋ, ನಂಗೊತ್ತಿಲ್ಲ," ಎಂದು ಹುಡುಗರಿಗೆ ಹೇಳಿಬಿಟ್ಟ ಮಗ. ಅಪ್ಪ ಕೇಳಿಸದವನಂತೆ ಹಿಂದಿರುಗಿದ. ಆ ವಾರವೇ ಬಣ್ಣ ಬಿಟ್ಟು ಹೊಲಿಗೆ ಯಂತ್ರದ ಮುಂದೆ ಕೂತ.

*

ತಲೆಯೆತ್ತಿ ಮಗನ ಬಾಯನ್ನೇ ನೋಡುತ್ತಿದ್ದ ಮುದುಕಿ ಈಗ ಅವನತ್ತ ತಿರುಗಿದಳು.

"ತಲೆ ನೆಟ್ಟಗೇ ಇದೆ ಕಣೋ. ಕಿವಿ ಹೋದ್ರೇನು, ತುಟಿ ನೋಡಿದ್ರೆ ಮಾತು ಗೊತ್ತಾಗತ್ತೆ ನಂಗೆ."

ಮಗನಿಗೆ ಭೂಮಿ ಬಾಯಿ ಬಿಡಬಾರದೇ ಎನಿಸಿತು.

"ಕೊನೇ ಚಿತ್ರ ನೆನಪಿದ್ಯಾ? ದೇವಿ ವರ ಕೊಡ್ತಾಳೆ ಅಂತ ಜನ ಕಣ್ಣೀರು ಹಾಕಿದ್ರಲ್ಲ? ವರಾನೂ ಇಲ್ಲ, ಮಣ್ಣಂಗಟ್ಟೀನೂ ಇಲ್ಲ. ನೀನು ಕ್ಯಾಮೆರಾ ಪಕ್ಕ, ಉರಿಯೋ ದೀಪಕ್ಕೆ ಒತ್ಕೊಂಡು ನಿಂತಿದ್ದೆ. 'ಮಗಾ, ಹಿಂದೆ ಸರಿಯೋ, ಸುಟ್ಕೋತೀಯ' ಅಂತಿದ್ದ ನಿಮ್ಮಪ್ಪ. ಅಷ್ಟು ಜನ ಕೈಮುಗಿದಿದ್ದು ಆ ಮಾತಿಗೆ."

ಈಗ ಯಾರೂ ನಗಲಿಲ್ಲ.

"ಏನಪ್ಪ ಇದೆಲ್ಲ? ನಿಜಾನಾ?" ಎಂದರು ಮಾವ.

"ನಿಜ, ಮಾವ. ಅಪ್ಪ ದೇವಿ ಪಾತ್ರ ಮಾಡ್ತಿದ್ರು. ನಾನೇ ಮುಚ್ಚಿಟ್ಟೆ."

ಅವನು ಅಪ್ಪನ ಮುಖದ ಮೇಲೆ ಬಾಗಿದ. ದನಿಯಿಲ್ಲದೆ ತುಟಿಗಳಷ್ಟೇ ಅಲುಗಿದವು. ಪ್ರಾರ್ಥನೆ ಇರಬೇಕೆಂದು ಸುತ್ತ ನಿಂತವರು ಕೈಮುಗಿದರು. ಮುದುಕಿ ಮಾತ್ರ ಅವನ ತುಟಿಗಳಿಂದ ಕಣ್ಣು ಕಿತ್ತು, ಗೋಡೆಯ ಕಡೆ ತಿರುಗಿ ಕೂತಳು.